ಹೈಪೋನಾ, ಹೈಪರ್ರಾ?

ಚಿಂತಾಮಣಿ ಲ್ಯಾಬ್‌ನಲ್ಲಿ ಅಮ್ಮನ ಟಿಎಸ್‌ಎಚ್ ಹಾರ್ಮೋನ್ ಜಾಸ್ತಿ ಬಂದಿದೆ, ಡಾಕ್ಟರ್ ಮಾತ್ರ ಚೀಟಿಯಲ್ಲಿ 'ಹೈಪೋ ಥೈರಾಯ್ಡ್' ಅಂತ ಬರೆದಿದ್ದಾರೆ, ಕೈತಪ್ಪಾ ಅಂತ ಕೇಳಿದ್ದೀರಿ. ಸಾಮಾನ್ಯವಾಗಿ ಅದು ತಪ್ಪಲ್ಲ. ಎರಡೂ ಗ್ರೀಕ್ ಮಾತುಗಳು: ಹೈಪರ್ ಅಂದ್ರೆ ಮೇಲೆ, ಹೈಪೋ ಅಂದ್ರೆ ಕೆಳಗೆ. ಲೋ ಬಿಪಿಗೆ ಹೈಪೋಟೆನ್ಷನ್ ಅನ್ನೋದೂ ಇದಕ್ಕೇ. ಗೊಂದಲ ಇರೋದು ಟಿಎಸ್‌ಎಚ್‌ನಲ್ಲಿ. ಅದು ಥೈರಾಯ್ಡ್ ಸುರಿಸೋ ಹಾರ್ಮೋನ್ ಅಲ್ಲ, ಮಿದುಳಿನ ಬುಡದಲ್ಲಿರೋ ಪಿಟ್ಯೂಟರಿ ಗ್ರಂಥಿ ಥೈರಾಯ್ಡ್‌ಗೆ 'ಕೆಲಸ ಮಾಡು' ಅಂತ ಕಳಿಸೋ ಹಾರ್ಮೋನ್. ತೋಟದಲ್ಲಿ ಆಳುಗಳು ನಿಧಾನ ಮಾಡಿದಷ್ಟೂ ಮೇಸ್ತ್ರಿ ಕೂಗೋದು ಜಾಸ್ತಿ ಅಲ್ವಾ, ಹಾಗೇ ಥೈರಾಯ್ಡ್ ಕೆಲಸ ಕಡಿಮೆಯಾದ್ರೆ ಟಿಎಸ್‌ಎಚ್ ಏರುತ್ತೆ. ಥೈರಾಯ್ಡ್ ಅನ್ನೋ ಹೆಸರೂ ಗ್ರೀಕಿನದೇ, ಗುರಾಣಿಯಂಥದ್ದು ಅಂತ ಅರ್ಥ. ಫೋನಲ್ಲಿ ಹೈಪೋ, ಹೈಪರ್ ಎರಡೂ ಒಂದೇ ಥರ ಕೇಳಿಸುತ್ತವೆ, ಮೆಡಿಕಲ್ ಶಾಪ್‌ಗೆ ಚೀಟಿಯನ್ನೇ ತೋರಿಸಿ. ಥೈರಾಯ್ಡ್ ತಾನೇ ಸುರಿಸೋ ಹಾರ್ಮೋನ್ ಟಿ4 ಎಷ್ಟಿದೆ ಅಂತ ಡಾಕ್ಟರನ್ನೂ ಒಂದ್ಸಲ ಕೇಳಿ.