ಐದು ಗುಂಡಿನ ಗ್ರೂಪ್ ನೋಡಿ ಪಿಸ್ತೂಲು ತಗೋಬೇಡಿ ಸರ್

ಸರ್, ನಿಮ್ಮ ಮಗಳು ಏರ್ ಪಿಸ್ತೂಲಿನಿಂದ 25 ಮೀಟರ್ ಸ್ಪೋರ್ಟ್ ಪಿಸ್ತೂಲಿಗೆ ಬರ್ತಿದ್ದಾಳೆ. ರೇಂಜಿನಲ್ಲಿ ಒಬ್ಬರು ತಮ್ಮ ಹಳೇ ಪಾರ್ದಿನಿ ಎಸ್‌ಪಿ ಪಿಸ್ತೂಲು ಕೊಡೋಕೆ ಒಪ್ಪಿದ್ದಾರೆ. ಮೇಜಿನ ಮೇಲೆ ಕೈ ಊರಿ ಐದು ಗುಂಡು ಹೊಡೆದರೆ ಐದೂ ಹತ್ತು ರೂಪಾಯಿ ನಾಣ್ಯದಷ್ಟು ಜಾಗದಲ್ಲಿ ಬಿದ್ದವು. ತಗೋಬಹುದಾ ಅನ್ನೋದು ನಿಮ್ಮ ಪ್ರಶ್ನೆ.

ತಗೋಬಹುದು. ಆದರೆ ಆ ಗ್ರೂಪ್, ಅಂದ್ರೆ ಗುಂಡುಗಳು ಒತ್ತಾಗಿ ಬಿದ್ದಿದ್ದನ್ನು ನೋಡಿಕೊಂಡು ಅಲ್ಲ. ನಿಧಾನಕ್ಕೆ ಹೊಡೆಯೋ ಪ್ರಿಸಿಶನ್ ಹಂತದ ಟಾರ್ಗೆಟ್‌ನಲ್ಲಿ ಹತ್ತು ಅಂಕದ ವೃತ್ತ 50 ಮಿಲಿಮೀಟರ್ ಅಗಲ, ಬೇಗ ಹೊಡೆಯೋ ರ‍್ಯಾಪಿಡ್ ಟಾರ್ಗೆಟ್‌ನಲ್ಲಿ 100. ಪಾರ್ದಿನಿ, ವಾಲ್ಥರ್, ಮೊರಿನಿ, ಯಾವುದೇ ಇರಲಿ, ಈ ದರ್ಜೆಯ ಪಿಸ್ತೂಲನ್ನು ಬಿಗಿಯಾಗಿ ಕೂರಿಸಿ ಹೊಡೆದರೆ ಗುಂಡುಗಳು ಅದರೊಳಗೇ ಬೀಳುತ್ತವೆ. .22 ಸೀಸದ ಗುಂಡಿಗೆ ಬ್ಯಾರೆಲ್ ಸವೆಯೋದೂ ತುಂಬಾ ನಿಧಾನ. ಬ್ಯಾರೆಲ್‌ನ ತುದಿ ಮಾತ್ರ ಬೆಳಕಿಗೆ ಹಿಡಿದು ನೋಡಿ. ಕ್ಲೀನಿಂಗ್ ಕಡ್ಡಿ ಉಜ್ಜಿ ಉಜ್ಜಿ ಅಲ್ಲಿ ಗಾಯ ಮಾಡಿರೋರು ಇದ್ದಾರೆ. ಅದು ಸರಿ ಇದ್ದರೆ ಬ್ಯಾರೆಲ್ ಚಿಂತೆ ಬಿಡಿ.

ನಾನು ಜಾಸ್ತಿ ಹೊತ್ತು ಕೂರೋದು ಟ್ರಿಗರ್ ಮುಂದೆ. ನಿಯಮದ ಪ್ರಕಾರ ಅದರ ತೂಕ, ಅಂದ್ರೆ ಎಳೆಯೋಕೆ ಬೇಕಾದ ಬಲ, ಕನಿಷ್ಠ 1000 ಗ್ರಾಂ ಇರಬೇಕು. ಪಿಸ್ತೂಲಿನ ಮೂತಿ ಮೇಲೆ ಮಾಡಿ, ಟ್ರಿಗರ್‌ಗೆ ತೂಕ ತೂಗುಹಾಕಿ ಎತ್ತುತ್ತಾರೆ. ಟ್ರಿಗರ್ ಬಿಟ್ಟುಕೊಡದೆ ತೂಕ ಮೇಲೆ ಬರಬೇಕು. ನನ್ನ ಮೊದಲ ಪಿಸ್ತೂಲನ್ನು ನಾನೂ ನಿಮ್ಮ ಹಾಗೇ ಗ್ರೂಪ್ ನೋಡಿ ತಗೊಂಡಿದ್ದೆ. ಮ್ಯಾಚ್ ದಿನ ಚೆಕಿಂಗ್ ಮೇಜಿನ ಮೇಲೆ ತೂಕ ಅರ್ಧ ಎತ್ತುವಷ್ಟರಲ್ಲಿ ‘ಟಕ್’ ಅಂತು. ಮತ್ತೊಮ್ಮೆ ಎತ್ತಿದರೂ ‘ಟಕ್’. ಗಾಬರಿಯಲ್ಲಿ ಮೂಲೆಗೆ ಹೋಗಿ, ಯಾರದ್ದೋ ಅಲೆನ್ ಕೀ ಇಸ್ಕೊಂಡು ತಿರುಗಿಸಿದೆ. ತೂಕವೇನೋ ಪಾಸಾಯ್ತು. ಆದರೆ ಯಾವ ಸ್ಕ್ರೂ ತಿರುಗಿಸಿದೆನೋ, ಟ್ರಿಗರ್ ಎಳೆತದ ಎರಡನೇ ಹಂತ ಶುರುವಾಗೋ ಜಾಗವೇ ಬೆರಳಿಗೆ ಸಿಗದೆ ಹೋಯ್ತು. ಅವತ್ತಿನ ಸ್ಕೋರ್ ಹೇಳಲ್ಲ ಬಿಡಿ.

ಅದಕ್ಕೇ ಟ್ರಿಗರ್ ತೂಕವನ್ನು ಅಲ್ಲೇ ನೋಡಿ. 1000ಕ್ಕೆ ಸರಿಯಾಗಿ ಇಟ್ಟಿದ್ದರೆ ನಾಳೆ 990 ಆಗುತ್ತೆ. 1030, 1040 ಇದ್ದರೆ ನೆಮ್ಮದಿ. ಆಮೇಲೆ ಮಗಳು ಕಣ್ಣು ಮುಚ್ಚಿ, ನಿಧಾನಕ್ಕೆ ಒಂದು ಇಪ್ಪತ್ತು ಸಲ ಎಳೆದು ನೋಡಲಿ. ಮೊದಲ ಹಂತ ಸಲೀಸಾಗಿ ಬಂದು, ಒಂದು ಕಡೆ ಗೋಡೆ ತಾಗಿದ ಹಾಗೆ ನಿಲ್ಲಬೇಕು. ಆ ಗೋಡೆ ಇಪ್ಪತ್ತು ಸಲವೂ ಅಲ್ಲೇ ಇರಬೇಕು. ಸುಮ್ನೆ ಖಾಲಿ ಚೇಂಬರ್‌ನಲ್ಲಿ ಎಳೆಯಬೇಡಿ, ಎಷ್ಟೋ .22ಗಳಲ್ಲಿ ಫೈರಿಂಗ್ ಪಿನ್ ಚೇಂಬರಿನ ಅಂಚಿಗೆ ಹೊಡೆಯುತ್ತೆ. ಗುಂಡಿಲ್ಲದೆ ಎಳೆಯುವಾಗ ಚೇಂಬರಿಗೆ ಹಾಕೋ ಡ್ರೈ ಫೈರ್ ಪ್ಲಗ್ ಒಡೆಯನ ಹತ್ತಿರ ಇದೆಯಾ ಕೇಳಿ. ಅದೂ ಇಲ್ಲ ಅಂದ್ರೆ ಹೊಡೆದ ಖಾಲಿ ಕೇಸ್ ಹಾಕಿಕೊಳ್ಳಿ.

ಗ್ರಿಪ್ ವಿಷಯಕ್ಕೆ ಬಂದರೆ, ಅದನ್ನು ಒಡೆಯನ ಕೈಗೆ ಕೆತ್ತಿರ್ತಾರೆ, ನಿಮ್ಮ ಮಗಳ ಕೈಗಲ್ಲ. ಒಂದು ಸುಲಭದ ಪರೀಕ್ಷೆ ಇದೆ. ಖಾಲಿ ಪಿಸ್ತೂಲು ಹಿಡಿದು, ಕಣ್ಣು ಮುಚ್ಚಿ, ಟಾರ್ಗೆಟ್ ಕಡೆ ಕೈ ಎತ್ತಿ, ಆಮೇಲೆ ಕಣ್ಣು ಬಿಡಲಿ. ಮುಂದಿನ ಸೈಟ್ ಹಿಂದಿನ ಕಂಡಿಯ ನಡುವೆ ತಾನಾಗಿ ಕೂತಿದ್ದರೆ ಸರಿ. ಪ್ರತಿ ಸಲ ಎಡಕ್ಕೋ ಬಲಕ್ಕೋ ವಾಲಿದ್ದರೆ ಗ್ರಿಪ್ ಹೊಂದಿಲ್ಲ ಅಂತ ಅರ್ಥ. ಸ್ವಲ್ಪ ವ್ಯತ್ಯಾಸ ಇದ್ದರೆ ಮರಳು ಕಾಗದ, ಎಂ-ಸೀಲ್ ಸಾಕು. ನಮ್ಮಲ್ಲಿ ಅರ್ಧ ಜನರ ಗ್ರಿಪ್ ನಿಂತಿರೋದೇ ಎಂ-ಸೀಲ್ ಮೇಲೆ! ತೀರಾ ದೊಡ್ಡದಾಗಿದ್ದರೆ ಚಿಕ್ಕ ಸೈಜಿನ ಗ್ರಿಪ್ ಬೇರೆ ತರಿಸಬೇಕು, ಆ ಖರ್ಚನ್ನು ಬೆಲೆಯಲ್ಲಿ ಕಳೆಸಿ.

ಈಗ ನೀವು ನೋಡದೇ ಬಿಟ್ಟಿದ್ದು. ಏರ್ ಪಿಸ್ತೂಲಿನಲ್ಲಿ ಒಂದೊಂದೇ ಗುಂಡು ಕೈಯಲ್ಲಿ ತುಂಬ್ತೀವಿ. ಇಲ್ಲಿ ಸೆಮಿ ಆಟೋಮ್ಯಾಟಿಕ್, ಖಾಲಿ ಕೇಸ್ ಎಸೆದು ಮುಂದಿನ ಗುಂಡನ್ನು ತಾನೇ ಎಳ್ಕೋಬೇಕು. ರ‍್ಯಾಪಿಡ್ ಹಂತದಲ್ಲಿ ಕೈ 45 ಡಿಗ್ರಿ ಕೆಳಗಿರುತ್ತೆ. 3 ಸೆಕೆಂಡ್ ಅವಕಾಶದಲ್ಲಿ ಕೈ ಎತ್ತಿ ಒಂದು ಗುಂಡು, ಆಮೇಲೆ 7 ಸೆಕೆಂಡ್ ಬಿಡುವು. ಹೀಗೆ ಐದು. ಮೂರನೇ ಗುಂಡಿಗೆ ಕೇಸ್ ಸಿಕ್ಕಿಹಾಕಿಕೊಂಡರೆ ಆ ಸಿರೀಸ್‌ನ ಲಯವೇ ಹೋಯ್ತು. ಮಗಳಿಗೆ ಇದನ್ನು ಈಗಲೇ ಹೇಳಿಡಿ: ಜಾಮ್ ಆದರೆ ಪಿಸ್ತೂಲನ್ನು ಮುಟ್ಟಿ ಸರಿಮಾಡೋಕೆ ಹೋಗಬಾರದು. ಮೂತಿ ಟಾರ್ಗೆಟ್ ಕಡೆಗೇ ಇಟ್ಟು, ಇನ್ನೊಂದು ಕೈ ಎತ್ತಬೇಕು. ತಾನೇ ಬಿಡಿಸೋಕೆ ಹೋದರೆ ಆ ಜಾಮನ್ನು ಮಾನ್ಯ ಮಾಡಲ್ಲ.

ಹಾಗಾಗಿ ಐದಲ್ಲ, ಕನಿಷ್ಠ 100 ಗುಂಡು ಹೊಡೆದು ನೋಡಿ. ಮಗಳು ಮುಂದೆ ಬಳಸೋ ಗುಂಡಲ್ಲೇ ಹೊಡೆಯಲಿ, ಸ್ಟ್ಯಾಂಡರ್ಡ್ ವೆಲಾಸಿಟಿಯದ್ದು. ಹೈ ವೆಲಾಸಿಟಿ ಗುಂಡು ಈ ಪಿಸ್ತೂಲುಗಳಿಗೆ ಸುಮ್ನೆ ಹೊಡೆತ. ಮ್ಯಾಗಝೀನ್‌ಗಳಿಗೆ 1, 2, 3 ಅಂತ ಟೇಪ್ ಅಂಟಿಸಿ, ಜಾಮ್ ಆದಾಗ ಯಾವುದರಲ್ಲಿ ಆಯ್ತು ಅಂತ ಬರೆದಿಡಿ. ಎಲ್ಲ ಜಾಮೂ 2ನೇದರಲ್ಲೇ ಆದರೆ ಅದರ ಬಾಯಿಯಲ್ಲಿ ಗುಂಡು ಹಿಡಿದಿಡೋ ತುಟಿ ಬಾಗಿದೆ, ಪಿಸ್ತೂಲಿನ ತಪ್ಪಲ್ಲ. ಯಾವುದರಲ್ಲಿ ಬೇಕಾದರೂ ಆಗ್ತಿದ್ದರೆ ಮೊದಲು ಚೆನ್ನಾಗಿ ಕ್ಲೀನ್ ಮಾಡಿಸಿ ನೋಡಿ, .22ರ ಮೇಣ ಮತ್ತು ಮಸಿ ಸೇರಿ ಗೋಂದಿನ ಹಾಗೆ ಕೂತಿರುತ್ತೆ. ಆಮೇಲೂ ಆದರೆ ಖಾಲಿ ಕೇಸನ್ನು ಹೊರಗೆಳೆಯೋ ಎಕ್ಸ್‌ಟ್ರಾಕ್ಟರ್, ಬೋಲ್ಟನ್ನು ಮತ್ತೆ ಮುಂದೆ ತಳ್ಳೋ ರೀಕಾಯಿಲ್ ಸ್ಪ್ರಿಂಗ್ ಕಡೆ ನೋಡಿ. ಬೋಲ್ಟ್ ಹಿಂದೆ ಬಂದು ಬಡಿಯೋ ಕಡೆ ಇರೋ ಬಫರ್ ಕೂಡ ಬಿಚ್ಚಿಸಿ ನೋಡಿ. ಅದು ಕಾಲಕಾಲಕ್ಕೆ ಬದಲಾಯಿಸೋ ಸಾಮಾನು. ನಜ್ಜುಗುಜ್ಜಾಗಿದ್ದರೆ ಒಡೆಯ ಹೇಗೆ ನೋಡಿಕೊಂಡಿದ್ದಾರೆ ಅಂತ ಗೊತ್ತಾಗುತ್ತೆ. ಬಿದ್ದ ಖಾಲಿ ಕೇಸ್‌ಗಳನ್ನೂ ಹತ್ತಿಪ್ಪತ್ತು ಆರಿಸಿ ಅಂಚು ನೋಡಿ. ಪಿನ್ ಗುರುತು ಎಲ್ಲದರಲ್ಲೂ ಒಂದೇ ಆಳಕ್ಕೆ ಇರಬೇಕು.

ಪಿಸ್ತೂಲಿನ ಒಟ್ಟು ತೂಕ 1400 ಗ್ರಾಂ ದಾಟಬಾರದು, ಬ್ಯಾರೆಲ್ 153 ಮಿಲಿಮೀಟರ್ ಒಳಗಿರಬೇಕು. ಕಂಪನಿಯಿಂದ ಬಂದ ಹಾಗೇ ಇದ್ದರೆ ಇವೆಲ್ಲ ಸರಿ ಇರುತ್ತೆ, ಮೇಲಿಂದ ತೂಕ ಸೇರಿಸಿದ್ದರೆ ಮಾತ್ರ ತಕ್ಕಡಿಗೆ ಹಾಕಿ. ಎಲೆಕ್ಟ್ರಾನಿಕ್ ಟ್ರಿಗರ್ ಇರೋದು ತಗೊಳ್ಳಲಾ ಅಂತಲೂ ಕೇಳಿದ್ರಿ. ಮೊದಲ ಪಿಸ್ತೂಲಿಗೆ ನಾನಾದರೆ ಬೇಡ ಅಂತೀನಿ. ಟೋಕಿಯೋ ಒಲಿಂಪಿಕ್ಸ್‌ನಲ್ಲಿ ಮನು ಭಾಕರ್ ಏರ್ ಪಿಸ್ತೂಲ್ ಮಧ್ಯದಲ್ಲೇ ಕೆಟ್ಟು ಎಷ್ಟು ಹೊತ್ತು ಹೋಯ್ತು ನೆನಪಿದೆ ಅಲ್ವಾ? ಮೆಕ್ಯಾನಿಕಲ್ ಆದರೆ ನಮ್ಮ ಊರಲ್ಲೇ ಬಿಚ್ಚಿ ಜೋಡಿಸೋರು ಸಿಗ್ತಾರೆ.

ಇನ್ನೊಂದು, ಮುಂದಿನ ತಿಂಗಳ ಮ್ಯಾಚ್‌ಗೆ ಇದು ಮಗಳ ಕೈಗೆ ಬರುತ್ತೆ ಅಂತ ಲೆಕ್ಕ ಹಾಕಬೇಡಿ. ಲೈಸೆನ್ಸ್ ಇದ್ದರೂ, ಮಾರೋರು ಮೊದಲು ಜಿಲ್ಲಾ ಮ್ಯಾಜಿಸ್ಟ್ರೇಟ್‌ಗೋ ಹತ್ತಿರದ ಠಾಣೆಗೋ ಬರವಣಿಗೆಯಲ್ಲಿ ತಿಳಿಸಿ 45 ದಿನ ಕಾಯಬೇಕು ಅಂತ ಆರ್ಮ್ಸ್ ಆ್ಯಕ್ಟ್‌ನಲ್ಲೇ ಇದೆ. ಅಲ್ಲಿವರೆಗೆ ಮುಂಗಡ ಕೊಡದೆ, ಒಡೆಯರ ಎದುರಲ್ಲೇ ರೇಂಜಿನಲ್ಲಿ ಹೊಡೆದು ನೋಡಿ. ಶನಿವಾರ ಹೋಗೋದಾದರೆ ಅವರ ಹತ್ತಿರ ಇರೋ ಮ್ಯಾಗಝೀನ್ ಎಲ್ಲವನ್ನೂ ತರೋಕೆ ಇವತ್ತೇ ಫೋನ್ ಮಾಡಿ ಹೇಳಿ. ‘ಒಂದು ಮನೇಲೇ ಬಿಟ್ಟು ಬಂದೆ’ ಅಂದ್ರೆ, ಜಾಮ್ ಆಗೋದು ಅದೇ.