ದ್ರಾಕ್ಷಿ ರಸದ ಬಣ್ಣ ಕೆಡುವುದು ಯಾಕೆ
ಬೆಂಗಳೂರು ಬ್ಲೂ ದ್ರಾಕ್ಷಿಯನ್ನು ಮಿಕ್ಸಿಗೆ ಹಾಕಿ ಸೋಸಿಟ್ಟ ರಸ ಸಂಜೆಯೊಳಗೆ ಕಂದು ಬಣ್ಣಕ್ಕೆ ತಿರುಗಿದರೆ, ಅದು ಹಣ್ಣಿನ ತಪ್ಪಲ್ಲ. ರುಬ್ಬಿದಾಗ ಜೀವಕೋಶಗಳು ಒಡೆದು, ಪಾಲಿಫಿನಾಲ್ ಆಕ್ಸಿಡೇಸ್ ಎಂಬ ಕಿಣ್ವಕ್ಕೆ ಗಾಳಿ ಸಿಗುತ್ತದೆ. ಸಿಪ್ಪೆಯ ಆಂಥೋಸಯನಿನ್ ಬಣ್ಣವನ್ನು ಅದು ನೇರವಾಗಿ ಅಷ್ಟಾಗಿ ಮುಟ್ಟುವುದಿಲ್ಲ. ಮೊದಲು ರಸದಲ್ಲಿನ ಕ್ಯಾಫ್ಟಾರಿಕ್ ಆಮ್ಲವನ್ನು ಕ್ವಿನೋನ್ ಎಂಬ ಬೇರೆ ರಾಸಾಯನಿಕವಾಗಿಸುತ್ತದೆ, ಆ ಕ್ವಿನೋನ್ ಬಣ್ಣವನ್ನು ಕೆಡಿಸುತ್ತದೆ.

ಹಾಗಾಗಿ ಮಿಕ್ಸಿ ಬಿಡಿ. ಹಣ್ಣನ್ನು ಸ್ಟೀಲ್ ಪಾತ್ರೆಯಲ್ಲಿ ಕೈಯಲ್ಲೇ ಹಿಸುಕಿ ತಕ್ಷಣ ಒಲೆಗಿಟ್ಟು, ಬೇಗ 80 ಡಿಗ್ರಿಗೆ ತಂದು, 5 ನಿಮಿಷ ಬಿಟ್ಟು ಸೋಸಿ. ಸಣ್ಣ ಉರಿ ಬೇಡ, 30–40 ಡಿಗ್ರಿಯಲ್ಲಿ ಕಿಣ್ವ ಇನ್ನೂ ಚುರುಕಾಗಿರುತ್ತದೆ. ಹಾಗೆಂದು ಕುದಿಸುತ್ತಲೇ ಇದ್ದರೆ ಬಣ್ಣವೂ ಒಡೆಯುತ್ತದೆ. ಕಬ್ಬಿಣದ ಬಾಣಲೆಯಂತೂ ಬೇಡವೇ ಬೇಡ, ರಸ ಕಪ್ಪಿಡುತ್ತದೆ. ಲೀಟರಿಗೆ ಅರ್ಧ ನಿಂಬೆಹಣ್ಣು ಹಿಂಡಿ. ಹುಳಿಯಿದ್ದರೆ ಕೆಂಪು ಗಟ್ಟಿಯಾಗಿ ನಿಲ್ಲುತ್ತದೆ. ಈಗಾಗಲೇ ಕಂದಾದ ರಸಕ್ಕೆ ನಿಂಬೆ ಹಿಂಡಿದರೂ ಹೋದ ಬಣ್ಣ ವಾಪಸ್ ಬರುವುದಿಲ್ಲ.