ಜಪಾನ್ ಸಿನಿಮಾದಲ್ಲಿ ಕಾಸ್ಟಿಂಗ್ ಡೈರೆಕ್ಟರ್ ಆಗೋಕೆ ಮುಖ ಗುರುತಿಸುವ ಕಣ್ಣು ಇದ್ದರೆ ಸಾಕಾ? ಫಿಲ್ಮ್ ಸ್ಕೂಲ್ ಸೇರಬೇಕಾ?

ಮುಖ ನೋಡಿದ ಕೂಡಲೇ ಪಾತ್ರ ಹೊಳೆಯುತ್ತೆ ಅಂದಿದ್ದೀರಿ. ಸಿನಿಮಾ ಪಾತ್ರಗಳಿಗೆ ನಟರನ್ನು ಹೊಂದಿಸಿಕೊಡುವ ಟೋಕಿಯೋದ ಸಣ್ಣ ಕಾಸ್ಟಿಂಗ್ ಆಫೀಸೊಂದಕ್ಕೆ ಸಹಾಯಕನಾಗಿ ಸೇರಿದಾಗ ನಾನೂ ಹೀಗೇ ಹೇಳಿಕೊಂಡಿದ್ದೆ.

ಅಲ್ಲಿ ದೊಡ್ಡ ಸಿನಿಮಾಗಳ ನಾಯಕ, ನಾಯಕಿ ಸಾಮಾನ್ಯವಾಗಿ ಮೊದಲೇ ನಿರ್ಧಾರವಾಗಿರುತ್ತಾರೆ. ಟಿವಿ ಚಾನೆಲ್, ಪ್ರಕಾಶಕರು, ವಿತರಕರು ಸೇರಿ ಹಣ ಹಾಕುವ ಒಂದು ಸಮಿತಿ ಇರುತ್ತೆ. ನಿರ್ಮಾಪಕರು ಅವರ ಜೊತೆ ಮಾತು ಮುಗಿಸಿರುತ್ತಾರೆ. ನಮಗೆ ಉಳಿಯೋದು ಅಂಗಡಿಯವನು, ಪಕ್ಕದ ಮನೆ ಅಜ್ಜಿ, ಪೊಲೀಸಿನವನು. ಇವರನ್ನು ಹುಡುಕೋದಕ್ಕಿಂತ ಇವರ ಡೇಟ್ ಹೊಂದಿಸೋದೇ ಜಾಸ್ತಿ ಕೆಲಸ.

ನಟರ ಡೇಟ್ ನೋಡಿಕೊಳ್ಳುವ ಏಜೆನ್ಸಿಗೆ ಫೋನ್ ಮಾಡಿ 'ಈ 3 ದಿನ ಸದ್ಯಕ್ಕೆ ನಮಗಿರಲಿ' ಅಂತ ಹಿಡಿದಿಟ್ಟರೆ ಅದು 'ಕೀಪ್'. ಬೇಡವಾದಾಗ ಬಿಟ್ಟುಕೊಟ್ಟರೆ 'ಬರಶಿ'. ನಾನು ಎಡವಿದ್ದು ಬರಶಿಯಲ್ಲಿ.

ಔಷಧಿ ಅಂಗಡಿಯವನ ಪಾತ್ರ, ಎರಡೇ ಸೀನ್. ಇಬ್ಬರನ್ನು ಕೀಪ್ ಮಾಡಿದ್ದೆ. ಸೋಮವಾರ ನಿರ್ದೇಶಕರು ಒಬ್ಬರನ್ನು ಒಪ್ಪಿದರು. ಇನ್ನೊಬ್ಬರ ಮ್ಯಾನೇಜರ್‌ಗೆ ಆಗಲೇ ಫೋನ್ ಮಾಡಬೇಕಿತ್ತು. ಮರೆಯಲಿಲ್ಲ, ಮಾಡಲಿಲ್ಲ. ಆ ಇನ್ನೊಬ್ಬರು ವಯಸ್ಸಾದ ನಟ. ಆಡಿಷನ್ ಮುಗಿಸಿ ಬಾಗಿಲ ಹತ್ತಿರ ನಿಂತು, ಬಗ್ಗಿ ನಮಸ್ಕರಿಸಿ ಹೋಗಿದ್ದರು. ಬೇಡ ಅನ್ನೋಕೆ ಬಾಯೇ ಬರಲಿಲ್ಲ. ಆಯ್ಕೆಯಾದವರು ಕೈಕೊಟ್ಟರೆ ಇವರಿರಲಿ ಅನ್ನೋ ದುರಾಸೆಯೂ ಇತ್ತು. ಶೂಟಿಂಗ್ ಚಾರ್ಟ್‌ನಲ್ಲಿ ಪೆನ್ಸಿಲ್‌ನಿಂದ ಬರೆದಿದ್ದ ಅವರ ಹೆಸರನ್ನು ಅಳಿಸಿ, ಕೆಲಸ ಆಯ್ತು ಅಂತ ಸಮಾಧಾನಪಟ್ಟುಕೊಂಡೆ. ಅವರ ಏಜೆನ್ಸಿಯ ಡೈರಿಯಲ್ಲಿ ಆ 3 ದಿನ ಇನ್ನೂ ನಮ್ಮದೇ ಆಗಿತ್ತು.

ಬುಧವಾರ ಮ್ಯಾನೇಜರ್ ತಾವೇ ಫೋನ್ ಮಾಡಿ ಕೇಳಿದರು. 'ಇನ್ನೆರಡು ದಿನ ಕೊಡಿ' ಅಂದೆ. ಸೋಮವಾರದ ಮೌನವನ್ನಾದರೂ ಕ್ಷಮಿಸುತ್ತಿದ್ದರೇನೋ, ಇದು ಸುಳ್ಳು. ನನ್ನ ಮಾತು ನಂಬಿ, ಅದೇ ದಿನಗಳಿಗೆ ಬಂದಿದ್ದ ಧಾರಾವಾಹಿಯ ದೊಡ್ಡ ಪಾತ್ರವನ್ನು ಅವರು ಬಿಟ್ಟರು. ಶುಕ್ರವಾರ ನಿಜ ಹೇಳಿದೆ. ಆ ಕಡೆ ಫೋನಿನಲ್ಲಿ ಸುಮಾರು ಹೊತ್ತು ಸದ್ದೇ ಇಲ್ಲ.

ನಮ್ಮ ಹಿರಿಯರ ಜೊತೆ ಸಿಹಿ ಡಬ್ಬ ಹಿಡಿದು ಕ್ಷಮೆ ಕೇಳೋಕೆ ಹೋದೆ. ಮ್ಯಾನೇಜರ್ ಎರಡೂ ಕೈಯಿಂದ ತಗೊಂಡರು, ಒಂದು ಮಾತೂ ಬೈಯಲಿಲ್ಲ. ಆಮೇಲೆ ಆ ಏಜೆನ್ಸಿಯ ಒಬ್ಬ ನಟನ ಡೇಟೂ ನಮಗೆ ಸಿಗಲಿಲ್ಲ. ಮುಂದಿನ ಸಿನಿಮಾಗೆ ನನ್ನನ್ನು ಕರೆಯಲೂ ಇಲ್ಲ.

ಕಣ್ಣಿಗೆ ಬೆಲೆಯಿಲ್ಲ ಅಂತಲ್ಲ. ನಟನೆಯ ಅನುಭವವೇ ಇಲ್ಲದ ಯಾಗಿರಾ ಯೂಯಾ ಎಂಬ ಹುಡುಗನನ್ನು ನಿರ್ದೇಶಕ ಕೊರೆಯೆದಾ ಆರಿಸಿಕೊಂಡರು. 2004ರಲ್ಲಿ ಅವನಿಗೆ ಕಾನ್ ಚಿತ್ರೋತ್ಸವದ ಅತ್ಯುತ್ತಮ ನಟ ಪ್ರಶಸ್ತಿ ಬಂತು, ಆಗವನಿಗೆ 14. ಆದರೆ ಹೊಸಬರ ಕೈಗೆ ಅಂಥ ಹುಡುಕಾಟ ಯಾರೂ ಕೊಡಲ್ಲ.

ಫಿಲ್ಮ್ ಸ್ಕೂಲಿಗೆ ದುಡ್ಡು ಸುರಿಯಬೇಡಿ. ಫೋನಿನಲ್ಲಿ ತಡವರಿಸದೆ ಆಡುವಷ್ಟು ಗೌರವದ ಜಪಾನಿ ಕಲಿಯಿರಿ. ಆಮೇಲೆ ಎಕ್ಸ್‌ಟ್ರಾಗಳನ್ನು, ಅಂದರೆ ಗುಂಪಿನ ಸೀನ್‌ಗೆ ಬರುವವರನ್ನು, ಸೇರಿಸುವ ಕೆಲಸ ಹಿಡಿಯಿರಿ. ಬೆಳಗಿನ ಜಾವ ಸ್ಟೇಷನ್ ಮುಂದೆ ನಿಂತು, 50 ಜನರ ಹೆಸರು ಕೂಗಿ ಬಸ್ ಹತ್ತಿಸಿ. ಬರಶಿ ಫೋನ್ ಮಾತ್ರ ಅದೇ ದಿನ ಮಾಡಿ, ಊಟಕ್ಕೆ ಏಳೋ ಮುಂಚೆ.